ಒಂದು ಇಂಚು ಎಂದರೆ ಎಷ್ಟು? ಬಿಗಿಯಾಗಿ ಮರಳಿದ ಮದುವೆಯ ಗೌನ್

ಪ್ರಶ್ನೆ: ನನ್ನ ಮದುವೆಗೆ ಇನ್ನು 19 ದಿನಗಳಿವೆ. ಸಿದ್ಧ ಗೌನ್ ಒಂದನ್ನು ಕೊಂಡಿದ್ದೆ. ಮೇಲ್ಭಾಗದಲ್ಲಿ ಸ್ಯಾಟಿನ್ ಮೇಲೆ ಮಣಿ ಕೂರಿಸಿದ ಲೇಸು, ಸೊಂಟದಿಂದ ಕೆಳಗೆ ಬರೀ ಸ್ಯಾಟಿನ್, ಬೆನ್ನಿಗೆ ಝಿಪ್. ಅಳತೆಪಟ್ಟಿಯ ಪ್ರಕಾರ ಗೌನಿನ ಸೊಂಟ 34 ಇಂಚು, ನನ್ನದು 31. ಸಡಿಲವಾಗಿದ್ದರಿಂದ, ‘ಎರಡೂ ಪಕ್ಕ ಒಂದೊಂದು ಇಂಚು ಹಿಡಿಯಿರಿ, ಉದ್ದ ಎರಡು ಇಂಚು ಕಡಿಮೆ ಮಾಡಿ’ ಎಂದು ಹೇಳಿ ಆಲ್ಟರೇಷನ್‌ಗೆ ಕೊಟ್ಟೆ. ಈಗ ಹಾಕಿಕೊಂಡರೆ ಝಿಪ್‌ನ ಎರಡು ಅಂಚುಗಳ ನಡುವೆ ಎರಡು ಬೆರಳಷ್ಟು ಅಂತರ ಉಳಿಯುತ್ತದೆ. ಪಿನ್ನು ಹಾಕಿ ಹೇಗೋ ಹಿಡಿದರೆ ಸೊಂಟದ ಹಿಂಭಾಗದಲ್ಲಿ ಬಟ್ಟೆ ಅಡ್ಡಡ್ಡಲಾಗಿ ಸುಕ್ಕುಗಟ್ಟಿ ನಿಲ್ಲುತ್ತದೆ, ಮುಂದಿನ ಅಂಚು ಪಾದದಿಂದ ಮೇಲಕ್ಕೇರಿ ಗಿಡ್ಡ ಕಾಣುತ್ತದೆ. ಪಕ್ಕದ ಹೊಲಿಗೆಯ ಹತ್ತಿರ ಕೆಲವು ಮಣಿಗಳೂ ಸಡಿಲವಾಗಿವೆ. ಹೊಲಿದವರು, ‘ನೀವು ಹೇಳಿದಷ್ಟೇ ಹಿಡಿದಿದ್ದೇನೆ, ನೀವೇ ದಪ್ಪಗಾಗಿದ್ದೀರಿ’ ಎನ್ನುತ್ತಾರೆ. ಬೆನ್ನಿನ ಸುಕ್ಕಿಗೆ ಅಲ್ಲಿ ಅಡ್ಡಲಾಗಿ ಸ್ವಲ್ಪ ಕತ್ತರಿಸಿ ಸರಿ ಮಾಡಿಕೊಡುತ್ತೇನೆ ಎಂದಿದ್ದಾರೆ. ಮನೆಯಲ್ಲಿ ಒಬ್ಬರು ಹೊಲಿಗೆ ಬಿಚ್ಚಿದರೆ ಮೊದಲಿನಂತೆಯೇ ಆಗುತ್ತದೆ ಎನ್ನುತ್ತಾರೆ, ಇನ್ನೊಬ್ಬರು ಆವಿ ಇಸ್ತ್ರಿ ಕೊಟ್ಟರೆ ಬಟ್ಟೆ ಹಿಗ್ಗುತ್ತದೆ ಎನ್ನುತ್ತಾರೆ, ಮತ್ತೊಬ್ಬರು ಊಟ ಕಡಿಮೆ ಮಾಡು ಎನ್ನುತ್ತಾರೆ. ಗೌನ್ ಉಳಿಯುತ್ತದೆಯೇ? ಅವರ ಬಳಿಯೇ ಮತ್ತೆ ಕೊಡಬಹುದೇ?

ಉತ್ತರ: ನಿಮ್ಮ ಪತ್ರದಲ್ಲಿ ನಾಲ್ಕು ದೂರುಗಳಿವೆ: ಝಿಪ್ ಕೂಡುವುದಿಲ್ಲ, ಬೆನ್ನು ಸುಕ್ಕುಗಟ್ಟಿದೆ, ಅಂಚು ಗಿಡ್ಡವಾಗಿದೆ, ಮಣಿ ಸಡಿಲವಾಗಿದೆ. ನೀವು ಇವನ್ನು ನಾಲ್ಕು ತಪ್ಪುಗಳೆಂದು ಎಣಿಸಿದ್ದೀರಿ. ನನ್ನ ಲೆಕ್ಕದಲ್ಲಿ ಮೊದಲ ಮೂರೂ ಒಂದೇ ತಪ್ಪಿನ ಮೂರು ಮುಖಗಳು, ನಾಲ್ಕನೆಯದು ಅದರ ಜೊತೆಗೇ ಆಗಿರುವ ಪೆಟ್ಟು. ಇದು ನಿಮಗೆ ಒಳ್ಳೆಯ ಸುದ್ದಿಯೇ, ಏಕೆಂದರೆ ಒಂದನ್ನು ಸರಿಪಡಿಸಿದರೆ ಉಳಿದೆರಡು ಬಹುಪಾಲು ತಾವಾಗಿಯೇ ಇಳಿಯುತ್ತವೆ. ಆದರೆ ಬೆನ್ನಿನ ಹತ್ತಿರ ಕತ್ತರಿ ಹಾಕಲು ಯಾರಿಗೂ, ಯಾವ ಕಾರಣಕ್ಕೂ, ಸದ್ಯಕ್ಕೆ ಒಪ್ಪಬೇಡಿ. ಏಕೆ ಎಂಬುದನ್ನು ಮುಂದೆ ಹೇಳುತ್ತೇನೆ.

ಮೊದಲು ‘ನೀವೇ ದಪ್ಪಗಾಗಿದ್ದೀರಿ’ ಎಂಬ ಮಾತನ್ನು ಪರೀಕ್ಷಿಸೋಣ. ಇದಕ್ಕೆ ನಿಮ್ಮ ಮೈಯನ್ನಲ್ಲ, ಗೌನನ್ನು ಅಳೆಯಬೇಕು. ಝಿಪ್ ಪೂರ್ತಿ ಏರಿಸಿ, ಗೌನನ್ನು ಮಂಚದ ಮೇಲೋ ಮೇಜಿನ ಮೇಲೋ ಚಪ್ಪಟೆಯಾಗಿ ಹರಡಿ, ಸೊಂಟದ ಗೆರೆಯಲ್ಲಿ ಒಂದು ಪಕ್ಕದ ಹೊಲಿಗೆಯಿಂದ ಇನ್ನೊಂದು ಪಕ್ಕದ ಹೊಲಿಗೆಯವರೆಗೆ ಟೇಪು ಹಿಡಿಯಿರಿ. ಬಂದ ಅಂಕಿಯನ್ನು ಎರಡರಿಂದ ಗುಣಿಸಿದರೆ ಗೌನಿನ ಈಗಿನ ಸುತ್ತಳತೆ ಸಿಗುತ್ತದೆ. ನಿಮ್ಮ ಮನಸ್ಸಿನಲ್ಲಿದ್ದದ್ದು ಒಟ್ಟು ಎರಡು ಇಂಚು ಕಡಿಮೆಯಾಗಿ 32 ಆಗಬೇಕೆಂದು. ನನ್ನ ಊಹೆಯಂತೆ ನಿಮಗೆ 15 ಇಂಚು, ಅಂದರೆ ಸುತ್ತಳತೆ 30 ಸಿಗುತ್ತದೆ.

ಈ ಊಹೆಗೆ ಕಾರಣ ‘ಒಂದು ಇಂಚು’ ಎಂಬ ಮಾತೇ. ಪಕ್ಕದ ಹೊಲಿಗೆಯಲ್ಲಿ ಎರಡು ಪದರಗಳಿರುತ್ತವೆ, ಒಂದು ಮುಂದಿನದು, ಇನ್ನೊಂದು ಹಿಂದಿನದು. ಹಳೆಯ ಹೊಲಿಗೆಯಿಂದ ಒಂದು ಇಂಚು ಒಳಗೆ ಹೊಸ ಹೊಲಿಗೆ ಹಾಕಿದರೆ ಎರಡೂ ಪದರಗಳಿಂದ ಒಂದೊಂದು ಇಂಚು ಹೋಗುತ್ತದೆ. ಒಂದು ಪಕ್ಕಕ್ಕೆ ಎರಡು ಇಂಚು, ಎರಡು ಪಕ್ಕಕ್ಕೆ ನಾಲ್ಕು ಇಂಚು. ‘ಒಂದು ಇಂಚು ಹಿಡಿಯಿರಿ’ ಎಂಬ ಮಾತಿಗೆ ಒಟ್ಟು ಒಂದು ಇಂಚು ಎಂದೂ ಅರ್ಥ ಮಾಡಬಹುದು, ಪಕ್ಕಕ್ಕೊಂದರಂತೆ ಒಟ್ಟು ಎರಡು ಎಂದೂ ಮಾಡಬಹುದು, ಹೊಲಿಗೆಯ ಗೆರೆಯನ್ನೇ ಒಂದು ಇಂಚು ಸರಿಸಿ ಒಟ್ಟು ನಾಲ್ಕು ಎಂದೂ ಮಾಡಬಹುದು. ಅವರು ‘ನೀವು ಹೇಳಿದಷ್ಟೇ ಹಿಡಿದಿದ್ದೇನೆ’ ಎನ್ನುವುದು ಸುಳ್ಳಲ್ಲದೆ ಇರಬಹುದು. ನಿಮ್ಮ ಒಂದು ಇಂಚು ಬೇರೆ, ಅವರ ಒಂದು ಇಂಚು ಬೇರೆ. ಹಾಗೆಂದು ಅವರ ತಪ್ಪಿಲ್ಲವೆಂದಲ್ಲ. ಮೈಮೇಲೆ ಹಾಕಿಸಿ, ಪಿನ್ನು ಚುಚ್ಚಿ, ಕಚ್ಚಾ ಹೊಲಿಗೆ ಹಾಕಿ ಇನ್ನೊಮ್ಮೆ ತೊಡಿಸಿ ನೋಡಿದ ಮೇಲಷ್ಟೇ ಗಟ್ಟಿ ಹೊಲಿಗೆ ಹಾಕಬೇಕಾದದ್ದು ಈ ಕಸುಬಿನ ಮೊದಲ ಪಾಠ. ಬಾಯಲ್ಲಿ ಹೇಳಿದ ಅಳತೆಗೆ ಮದುವೆಯ ಗೌನ್ ಹಿಡಿಯುವವರು ಎಷ್ಟೇ ನುರಿತವರಾಗಿದ್ದರೂ ಜೂಜಾಡುತ್ತಿರುತ್ತಾರೆ.

ಟೇಪು 16, ಅಂದರೆ ಸುತ್ತಳತೆ 32 ತೋರಿಸಿದರೆ ಮಾತ್ರ ನನ್ನ ಊಹೆ ತಪ್ಪು. ಆಗ ಕಾರಣವನ್ನು ಬೇರೆಡೆ ಹುಡುಕಬೇಕು: ಮೊದಲ ಬಾರಿ ತೊಟ್ಟಾಗ ಇದ್ದ ಒಳ ಉಡುಪು ಈಗಿಲ್ಲವೇ, ಒಳಗಿನ ಲೈನಿಂಗ್ ಮಾತ್ರ ಹೆಚ್ಚು ಬಿಗಿಯಾಗಿ ಹಿಡಿದಿದ್ದಾರೆಯೇ, ಊಟವಾದ ಕೂಡಲೇ ಹಾಕಿ ನೋಡಿದಿರೇ. ಸೊಂಟ ಒಂದೇ ದಿನದಲ್ಲಿ ಬೆಳಿಗ್ಗೆಗೂ ಸಂಜೆಗೂ ಸ್ವಲ್ಪ ಬದಲಾಗುವುದು ಸಹಜ. ಅದಕ್ಕಾಗಿಯೇ ಮೈಗಿಂತ ಒಂದು ಇಂಚಾದರೂ ಹೆಚ್ಚು ಬಿಟ್ಟಿರಬೇಕು.

ಈಗ ಬೆನ್ನಿನ ಸುಕ್ಕಿಗೆ ಬರೋಣ. ಬಟ್ಟೆಯ ಸುಕ್ಕುಗಳಿಗೆ ಒಂದು ಭಾಷೆಯಿದೆ. ಉದ್ದುದ್ದನೆಯ ಮಡಿಕೆಗಳು ಬಿದ್ದರೆ ಅಲ್ಲಿ ಬಟ್ಟೆ ಹೆಚ್ಚಾಗಿದೆ ಎಂದರ್ಥ. ಅಡ್ಡಡ್ಡಲಾಗಿ ಎಳೆದಂತೆ ಗೆರೆಗಳು ಮೂಡಿದರೆ ಅಲ್ಲಿ ಬಿಗಿಯಾಗಿದೆ ಎಂದರ್ಥ. ಓರೆಯಾಗಿ ಎಳೆದ ಗೆರೆಗಳು ತೊಂದರೆಯಿರುವ ಜಾಗದ ಕಡೆಗೆ ಬೆರಳು ತೋರಿಸುತ್ತವೆ. ಸೊಂಟದ ಹಿಂದೆ ಬಟ್ಟೆ ಮೆತ್ತಗೆ ಅಡ್ಡಲಾಗಿ ಕೂತುಕೊಳ್ಳುವುದು ಮಾತ್ರ ಸ್ವಲ್ಪ ಮೋಸದ ಸುಕ್ಕು. ನೋಡುವವರಿಗೆ ಅಲ್ಲಿ ಉದ್ದ ಹೆಚ್ಚಾಗಿದೆ ಎನ್ನಿಸುತ್ತದೆ. ಕೆಲವರ ಮೈಕಟ್ಟಿಗೆ, ಸೊಂಟ ಒಳಕ್ಕೆ ಬಾಗಿದವರಿಗೆ, ಅದು ನಿಜವೂ ಹೌದು. ಆದರೆ ಆಲ್ಟರೇಷನ್‌ಗೆ ಮುಂಚೆ ಇಲ್ಲದ ಸುಕ್ಕು ಆಮೇಲೆ ಬಂದಿದ್ದರೆ ಹೆಚ್ಚಿನ ಪಾಲು ಕಾರಣ ಕೆಳಗಿರುತ್ತದೆ. ಪಕ್ಕದ ಹೊಲಿಗೆಯನ್ನು ಕಂಕುಳಿಂದ ಹಿಡಿದವರು ಸೊಂಟದಲ್ಲಿ ನಿಲ್ಲಿಸದೆ ಪೃಷ್ಠದವರೆಗೂ ಇಳಿಸಿರುತ್ತಾರೆ. ಅಲ್ಲಿ ಬಿಗಿಯಾದ ಗೌನ್ ಕೆಳಗೆ ಇಳಿಯಲಾರದೆ ಮೇಲಕ್ಕೇರಿ, ಜಾಗವಿರುವ ಕಡೆ, ಅಂದರೆ ಸೊಂಟದ ಕುಳಿಯಲ್ಲಿ, ಮಡಚಿಕೊಂಡು ಕೂರುತ್ತದೆ. ಇಡೀ ಗೌನ್ ಮೇಲಕ್ಕೇರಿದ ಮೇಲೆ ಮುಂದಿನ ಅಂಚೂ ಏರಲೇಬೇಕಲ್ಲವೇ?

ಇದನ್ನು ಮನೆಯಲ್ಲೇ ಪರೀಕ್ಷಿಸಬಹುದು. ಮದುವೆಗೆ ಹಾಕಿಕೊಳ್ಳುವ ಪಾದರಕ್ಷೆಯನ್ನೇ ಮೆಟ್ಟಿ, ಗೌನ್ ತೊಟ್ಟು, ಝಿಪ್ಪನ್ನು ಕೊನೆಯವರೆಗೂ ಇಳಿಸಿಬಿಡಿ. ಒಬ್ಬರು ಹಿಂದೆ ನಿಂತು ಭುಜದ ಭಾಗ ಜಾರದಂತೆ ಮಾತ್ರ ಹಿಡಿದಿರಲಿ. ಅಂಗೈಯಿಂದ ಬಟ್ಟೆಯನ್ನು ಸೊಂಟದಿಂದ ಕೆಳಕ್ಕೆ ಒಮ್ಮೆ ನೇವರಿಸಿ. ಸುಕ್ಕು ಕರಗಿ, ಮುಂದಿನ ಅಂಚು ಕೆಳಗಿಳಿದರೆ ಬಿಗಿಯೇ ಕಾರಣ ಎಂಬುದು ಖಾತ್ರಿ. ಈ ಸ್ಥಿತಿಯಲ್ಲಿ ಬೆನ್ನಿನಲ್ಲಿ ಅಡ್ಡಲಾಗಿ ಕತ್ತರಿಸಿ ‘ಹೆಚ್ಚಾದ’ ಬಟ್ಟೆಯನ್ನು ತೆಗೆದರೆ, ನಾಳೆ ಪಕ್ಕ ಸಡಿಲ ಮಾಡಿದಾಗ ಗೌನ್ ತನ್ನ ಜಾಗಕ್ಕೆ ಇಳಿದು, ಹಿಂಭಾಗವೇ ಗಿಡ್ಡವಾಗಿ ಎಳೆಯತೊಡಗುತ್ತದೆ. ಆಗ ಸೇರಿಸಲು ಅಲ್ಲಿ ಬಟ್ಟೆಯಿರುವುದಿಲ್ಲ. ನಾನು ಮೊದಲೇ ಬೇಡವೆಂದದ್ದು ಇದಕ್ಕೆ.

ಮುಂದಿನ ಹೆಜ್ಜೆ ಗೌನನ್ನು ಒಳಮಗ್ಗುಲು ಮಾಡಿ ನೋಡುವುದು. ಇದೇ ಇಡೀ ಪ್ರಕರಣದ ತೀರ್ಪು. ಲೈನಿಂಗ್ ಪೂರ್ತಿ ಮುಚ್ಚಿದ್ದರೆ ಪಕ್ಕದಲ್ಲಿ ಮೂರು ಬೆರಳಷ್ಟು ಬಿಚ್ಚಿಸಿದರೆ ಸಾಕು, ಅದನ್ನು ಮತ್ತೆ ಕೈಯಲ್ಲಿ ಹೊಲಿಯಬಹುದು. ಹೊಸ ಹೊಲಿಗೆಯಿಂದ ಬಟ್ಟೆಯ ಅಂಚಿನವರೆಗೆ ಉಳಿದಿರುವ ಬಟ್ಟೆಯನ್ನು, ನಾವು ಮಾರ್ಜಿನ್ ಎನ್ನುವುದನ್ನು, ಅಳೆಯಿರಿ. ಗೌನ್ 30ರಿಂದ 32ಕ್ಕೆ ಹೋಗಬೇಕಾದರೆ ಒಟ್ಟು ಎರಡು ಇಂಚು ಬೇಕು. ಪಕ್ಕಕ್ಕೆ ಒಂದು, ಪದರಕ್ಕೆ ಅರ್ಧ. ಅರ್ಧ ಇಂಚು ಹೊರಗೆ ಬಿಟ್ಟ ಮೇಲೂ ಹೊಲಿಗೆ ಹಿಡಿದು ನಿಲ್ಲಲು ಒಳಗೆ ಸ್ವಲ್ಪ ಉಳಿಯಬೇಕು, ಏಕೆಂದರೆ ಸ್ಯಾಟಿನ್‌ನ ಎಳೆಗಳು ಅಂಚಿನಿಂದ ಬೇಗ ಜಾರುತ್ತವೆ. ಹಾಗಾಗಿ ಒಂದು ಇಂಚು ಅಥವಾ ಅದಕ್ಕಿಂತ ಹೆಚ್ಚು ಮಾರ್ಜಿನ್ ಇದ್ದರೆ ನೀವು ನಿಶ್ಚಿಂತೆಯಿಂದ ಇರಬಹುದು. ಮುಕ್ಕಾಲು ಇಂಚಿದ್ದರೆ ಅಂಚಿಗೆ ತೆಳು ಪಟ್ಟಿ ಕೂಡಿಸಿ ಬಲಪಡಿಸಿ ಮಾಡಬಹುದು, ಆದರೆ ಎಚ್ಚರ ಬೇಕು. ಅರ್ಧ ಇಂಚೇ ಉಳಿದು, ಅಂಚಿಗೆ ಎಳೆ ಜಾರದಂತೆ ಯಂತ್ರದ ಸುತ್ತುಹೊಲಿಗೆ, ಅಂದರೆ ಓವರ್‌ಲಾಕ್ ಹೊಡೆದಿದ್ದರೆ ಬಟ್ಟೆ ಕತ್ತರಿಯ ಪಾಲಾಗಿದೆ ಎಂದೇ ಲೆಕ್ಕ.

ಇಲ್ಲಿ ನನ್ನದೇ ಒಂದು ತಪ್ಪನ್ನು ಒಪ್ಪಿಕೊಳ್ಳಬೇಕು. ಕಸುಬಿಗಿಳಿದ ಹೊಸತರಲ್ಲಿ ಒಂದು ಗೌನನ್ನು ಪಕ್ಕದಲ್ಲಿ ಹಿಡಿದು, ಒಳಗೆ ಬಟ್ಟೆ ಗುಡ್ಡೆಯಾಗಿ ಅಸಹ್ಯ ಕಾಣುತ್ತದೆಂದು ಮಾರ್ಜಿನ್ ಕತ್ತರಿಸಿ, ಅಂದವಾಗಿ ಓವರ್‌ಲಾಕ್ ಮಾಡಿ ಕೊಟ್ಟಿದ್ದೆ. ಒಳಗಿನ ಕೆಲಸ ನೋಡಿ ಎಲ್ಲರೂ ಮೆಚ್ಚಿದರು. ತೊಟ್ಟವರು ಕುರ್ಚಿಯಲ್ಲಿ ಕೂರಲು ಹೋದಾಗ ಹೊಲಿಗೆ ಪಟ್ ಎಂದಿತು. ಅಂದಿನಿಂದ ಕೊನೆಯ ಬಾರಿ ತೊಡಿಸಿ, ಕೂರಿಸಿ, ಕೈ ಎತ್ತಿಸಿ ನೋಡುವವರೆಗೆ ಮಾರ್ಜಿನ್‌ಗೆ ಕತ್ತರಿ ತಾಗಿಸುವುದಿಲ್ಲ. ನಿಮ್ಮ ಗೌನ್ ಹೊಲಿದವರೂ ಅಂದಕ್ಕೆ ಮನಸೋಲದೆ ಬಟ್ಟೆ ಉಳಿಸಿದ್ದರೆ, ಅವರ ಬಗ್ಗೆ ನನಗೆ ಅಷ್ಟರ ಮಟ್ಟಿಗೆ ಗೌರವ.

ಮಾರ್ಜಿನ್ ಇದ್ದರೆ ದಾರಿ ಸ್ಪಷ್ಟ: ಹೊಲಿಗೆ ಬಿಚ್ಚಿ, ಪದರಕ್ಕೆ ಅರ್ಧ ಇಂಚು ಬಿಡುವುದು. ಆದರೆ ‘ಬಿಚ್ಚಿದರೆ ಮೊದಲಿನಂತೆಯೇ’ ಎಂಬುದು ಅರ್ಧ ಸತ್ಯ. ಬಿಚ್ಚಿದ ಹೊಲಿಗೆಯ ಜಾಗದಲ್ಲಿ ಸೂಜಿಯ ತೂತುಗಳ ಸಾಲು ಉಳಿಯುತ್ತದೆ. ಹತ್ತಿ, ಉಣ್ಣೆಯಂಥ ಬಟ್ಟೆಗಳಲ್ಲಿ ಆವಿ ಕೊಟ್ಟು ಉಗುರಿನಿಂದ ಉಜ್ಜಿದರೆ ಎಳೆಗಳು ಮತ್ತೆ ಕೂಡಿಕೊಳ್ಳುತ್ತವೆ. ಒತ್ತಾಗಿ ನೇಯ್ದ ಸ್ಯಾಟಿನ್ ಅಷ್ಟು ಸುಲಭಕ್ಕೆ ಮರೆಯುವುದಿಲ್ಲ. ನಿಮ್ಮ ಅದೃಷ್ಟಕ್ಕೆ ಮೇಲ್ಭಾಗದಲ್ಲಿ ಲೇಸಿದೆ, ಅದು ಎಲ್ಲವನ್ನೂ ಮುಚ್ಚುತ್ತದೆ. ಸೊಂಟದಿಂದ ಕೆಳಗಿನ ಬರೀ ಸ್ಯಾಟಿನ್‌ನಲ್ಲಿ ಮಾತ್ರ ಹೊಸ ಹೊಲಿಗೆಯ ಪಕ್ಕ ಅರ್ಧ ಇಂಚಿನಾಚೆ ಚುಕ್ಕಿಗಳ ಸಾಲು ಕಾಣಬಹುದು. ಅದು ಕೈ ಇಳಿಬಿಟ್ಟಾಗ ತೋಳಿನ ಮರೆಗೆ ಬರುವ ಜಾಗ. ಕಣ್ಣಿಗೆ ಚುಚ್ಚಿದರೆ ಲೇಸಿನ ಒಂದೆರಡು ಹೂಗಳನ್ನು ಮೇಲ್ಭಾಗದಿಂದ ಇಳಿದು ಬಂದಂತೆ ಅಲ್ಲಿ ಕೈಹೊಲಿಗೆಯಲ್ಲಿ ಕೂರಿಸಬಹುದು. ಮರುಹೊಲಿಗೆಗೆ ಹೊಸ, ಸಣ್ಣ ಸೂಜಿ ಹಾಕಲು ಹೇಳಿ; ಇಂಥ ಬಟ್ಟೆಗೆ 60 ಅಥವಾ 70ರ ಸೂಜಿ ಸಾಕು. ದಾರದ ಬಿಗಿ ಹೆಚ್ಚಿದ್ದರೆ ಹೊಲಿಗೆಯುದ್ದಕ್ಕೂ ಬಟ್ಟೆ ಸಣ್ಣಗೆ ಸುರುಟಿಕೊಳ್ಳುತ್ತದೆ, ಅದನ್ನು ಮೊದಲು ಚೂರು ಬಟ್ಟೆಯ ಮೇಲೆ ನೋಡಿಕೊಳ್ಳಬೇಕು.

ಬಿಚ್ಚುವ ಮುಂಚೆ ಮಣಿಗಳ ವಿಚಾರ. ಮಣಿ ಕೂರಿಸಿದ ಲೇಸಿನ ಹಿಂಭಾಗವನ್ನು ಬೆಳಕಿಗೆ ಹಿಡಿದು ನೋಡಿ. ದಾರ ಸರಪಳಿಯ ಕೊಂಡಿಗಳಂತೆ ಒಂದರೊಳಗೊಂದು ಹೆಣೆದುಕೊಂಡು ಸಾಗಿದ್ದರೆ, ಒಂದು ಕಡೆ ತುಂಡಾದ ಎಳೆಯನ್ನು ಜಗ್ಗಿದಾಗ ಇಡೀ ಸಾಲು ಸರಸರನೆ ಬಿಚ್ಚಿಕೊಂಡು ಮಣಿಗಳು ನೆಲಕ್ಕುರುಳುತ್ತವೆ. ಹೊಲಿಗೆ ಯಂತ್ರವನ್ನು ಮಣಿಗಳ ಮೇಲೆಯೇ ಓಡಿಸಿದಾಗ ಹೀಗೆ ದಾರ ಕತ್ತರಿಸುತ್ತದೆ. ನಿಮ್ಮಲ್ಲೂ ಅದೇ ಆಗಿರುವಂತಿದೆ. ಸಡಿಲವಾದ ಎಳೆ ಕಂಡರೆ ಜಗ್ಗಬೇಡಿ, ಕತ್ತರಿಸಬೇಡಿ. ಎಳೆಯ ತುದಿಯನ್ನು ಸೂಜಿಯಿಂದ ಹಿಂಭಾಗಕ್ಕೆ ಎಳೆದು ಗಂಟು ಹಾಕಿಸಿ. ಹೊಲಿಗೆ ಹಾಯುವ ಜಾಗದ ಮಣಿಗಳನ್ನು ಮೊದಲೇ ತೆಗೆದಿಟ್ಟು, ಹೊಲಿದಾದ ಮೇಲೆ ಕೈಯಲ್ಲಿ ಮತ್ತೆ ಕೂರಿಸಬೇಕು. ನಿಧಾನದ ಕೆಲಸ, ಆದರೆ ಬೇರೆ ದಾರಿಯಿಲ್ಲ.

ಮಾರ್ಜಿನ್ ಹೋಗಿದ್ದರೆ ಎರಡು ಆಯ್ಕೆಗಳಿವೆ. ಒಂದು, ಕಂಕುಳಿಂದ ಕೆಳಕ್ಕೆ ಎರಡೂ ಪಕ್ಕದಲ್ಲಿ ಕಿರಿದಾದ ಪಟ್ಟಿ ಕೂಡಿಸುವುದು. ಇದಕ್ಕೆ ಬಟ್ಟೆ ಎಲ್ಲಿಂದ ಎಂದು ಕೇಳುತ್ತೀರಿ. ಉದ್ದ ಕಡಿಮೆ ಮಾಡುವಾಗ ಕತ್ತರಿಸಿದ ಅಂಚಿನ ತುಂಡುಗಳೇ ಇದಕ್ಕೆ ಚಿನ್ನ. ಅದೇ ಬಟ್ಟೆ, ಅದೇ ಬಣ್ಣ. ಅಂಗಡಿಯಲ್ಲಿ ಎಷ್ಟೇ ಹುಡುಕಿದರೂ ಬಿಳಿಯಲ್ಲಿ ಆ ಬಿಳಿಯೇ ಸಿಗುವುದು ಕಷ್ಟ. ಈ ಉತ್ತರ ಓದಿದ ಕೂಡಲೇ ಅವರಿಗೆ ಫೋನ್ ಮಾಡಿ, ಕತ್ತರಿಸಿದ ತುಂಡುಗಳನ್ನು ಎಸೆಯಬೇಡಿ ಎಂದು ಹೇಳಿ. ಎರಡು ಇಂಚು ಅಗಲದ ತುಂಡೇ ಆದರೂ ಚೂರುಗಳನ್ನು ಜೋಡಿಸಿ ಪಟ್ಟಿ ಮಾಡಬಹುದು, ಜೋಡಿಸಿದ ಗೆರೆಗಳು ಲೇಸಿನಡಿ ಮರೆಯಾಗುತ್ತವೆ. ಒಂದು ಎಚ್ಚರಿಕೆ: ಸ್ಯಾಟಿನ್‌ಗೆ ದಿಕ್ಕಿದೆ. ತುಂಡನ್ನು ಗೌನಿನ ಪಕ್ಕದಲ್ಲಿಟ್ಟು ಕಿಟಕಿಯ ಬೆಳಕಿನಲ್ಲಿ ಒಮ್ಮೆ ಉದ್ದಕ್ಕೆ, ಒಮ್ಮೆ ಅಡ್ಡಕ್ಕೆ ತಿರುಗಿಸಿ ನೋಡಿ. ಅದೇ ಬಟ್ಟೆ ಒಮ್ಮೆ ಹಾಲಿನಂತೆ, ಒಮ್ಮೆ ಬೂದಿ ಛಾಯೆಯಂತೆ ಕಾಣುತ್ತದೆ. ಲೇಸು ಮುಗಿದ ಮೇಲೆ ಕೆಳಗೆ ಇಳಿಯುವ ಭಾಗಕ್ಕೆ ಹೊಳಪು ಹೊಂದುವ ದಿಕ್ಕಿನಲ್ಲೇ ಪಟ್ಟಿ ಕತ್ತರಿಸಬೇಕು.

ಎರಡನೆಯದು ಝಿಪ್ ತೆಗೆದು ಬೆನ್ನಿಗೆ ಲಾಡಿ ಕಟ್ಟುವ ವ್ಯವಸ್ಥೆ ಮಾಡುವುದು. ಎರಡೂ ಅಂಚಿಗೆ ಬಟ್ಟೆಯ ಕುಣಿಕೆಗಳನ್ನು ಕೂರಿಸಿ, ಒಳಗೆ ಮೈ ಕಾಣದಂತೆ ಒಂದು ಹಾಸುಪಟ್ಟಿ ಕೊಟ್ಟು, ಲಾಡಿಯನ್ನು ಅಡ್ಡಡ್ಡ ಹಾಯಿಸಿ ಬಿಗಿಯುತ್ತಾರೆ. ಮೂರು ನಾಲ್ಕು ಇಂಚಿನ ಅಂತರವನ್ನೂ ಇದು ನುಂಗುತ್ತದೆ, ಆ ದಿನ ಮೈಗೆ ತಕ್ಕಂತೆ ಸಡಿಲ ಬಿಗಿ ಮಾಡಿಕೊಳ್ಳಬಹುದು. ಅಪಾಯಗಳೂ ಇವೆ. ಕುಣಿಕೆಯ ಅಂಚಿನೊಳಗೆ ಗಟ್ಟಿ ಕಡ್ಡಿ ಕೂರಿಸದಿದ್ದರೆ ಲಾಡಿ ಬಿಗಿದಾಗ ಬೆನ್ನು ಅಲೆಅಲೆಯಾಗಿ ಮುದುಡುತ್ತದೆ. ಗೌನಿನ ಚೆಹರೆಯೇ ಬದಲಾಗುತ್ತದೆ. ನಿಮ್ಮ ಮಟ್ಟಿಗೆ ಮುಖ್ಯವಾದದ್ದು, ಲಾಡಿ ಝಿಪ್ ಇದ್ದಷ್ಟು ಉದ್ದಕ್ಕೆ ಮಾತ್ರ ನೆರವಾಗುತ್ತದೆ. ಅದರ ಕೆಳಗೂ ಪಕ್ಕಗಳು ಬಿಗಿಯಾಗಿದ್ದರೆ ಸುಕ್ಕು ಇದ್ದಲ್ಲೇ ಇರುತ್ತದೆ. 19 ದಿನಗಳು ಕೈಯಲ್ಲಿರುವಾಗ ನಾನಾದರೆ ಪಕ್ಕದ ಪಟ್ಟಿಯನ್ನೇ ಆರಿಸುತ್ತೇನೆ. ಐದಾರು ದಿನಗಳಷ್ಟೇ ಇದ್ದಿದ್ದರೆ ಲಾಡಿ ಎನ್ನುತ್ತಿದ್ದೆ.

ಆವಿ ಇಸ್ತ್ರಿಯಿಂದ ಹಿಗ್ಗಿಸುವ ಮಾತನ್ನು ಬಿಟ್ಟುಬಿಡಿ. ನೇಯ್ದ ಸ್ಯಾಟಿನ್ ಓರೆಗೆ ಎಳೆದರೆ ಸ್ವಲ್ಪ ಬಗ್ಗುತ್ತದೆ, ನೇರಕ್ಕೆ ಎರಡು ಇಂಚು ಎಂದೂ ಕೊಡುವುದಿಲ್ಲ. ರೇಷ್ಮೆಯಾದರೆ ನೀರಿನ ಕಲೆ ಬೀಳುತ್ತದೆ, ಪಾಲಿಯೆಸ್ಟರ್ ಆದರೆ ಹೆಚ್ಚು ಬಿಸಿಗೆ ಆಗುವ ಹೊಳಪಿನ ಕಲೆ ಹೋಗುವುದೇ ಇಲ್ಲ. ಊಟ ಬಿಡುವ ಸಲಹೆ ಇನ್ನೂ ಕೆಟ್ಟದ್ದು. ಮೈ ಇಳಿದರೂ ಬೇಕಾದ ಕಡೆಯೇ ಇಳಿಯುತ್ತದೆಂಬ ಖಾತ್ರಿಯಿಲ್ಲ; ಸೊಂಟ ಹಾಗೇ ಇದ್ದು ಎದೆಯ ಭಾಗ ಸಡಿಲವಾದರೆ ಮತ್ತೊಂದು ಆಲ್ಟರೇಷನ್ ತಲೆಗೆ ಬರುತ್ತದೆ. ತಪ್ಪಾದದ್ದು ಬಟ್ಟೆ, ಸರಿಯಾಗಬೇಕಾದದ್ದೂ ಬಟ್ಟೆಯೇ.

ಅಂಚಿನ ಉದ್ದವನ್ನು ಈಗ ಮುಟ್ಟಬೇಡಿ. ಪಕ್ಕ ಸರಿಯಾಗಿ ಗೌನ್ ತನ್ನ ಜಾಗದಲ್ಲಿ ಕೂತ ಮೇಲೆ, ಅದೇ ಪಾದರಕ್ಷೆಯಲ್ಲಿ ನಿಂತು ನೋಡಿ. ಆಗಲೂ ಅರ್ಧ ಇಂಚು ಗಿಡ್ಡವಿದ್ದರೆ ಹಿಮ್ಮಡಿ ತುಸು ತಗ್ಗಿರುವ ಪಾದರಕ್ಷೆಯೇ ಅತಿ ಅಗ್ಗದ ಪರಿಹಾರ. ಅದಕ್ಕಿಂತ ಹೆಚ್ಚಿದ್ದರೆ ಅಂಚಿಗೆ ಲೇಸು ಕೂಡಿಸಬಹುದು.

ಇನ್ನು, ಅವರ ಬಳಿಯೇ ಕೊಡಬಹುದೇ ಎಂಬ ಪ್ರಶ್ನೆ. ಮಾರ್ಜಿನ್ ಉಳಿದಿದ್ದು, ಟೇಪಿನ ಲೆಕ್ಕವನ್ನು ಮುಂದಿಟ್ಟಾಗ ಅವರು ತಪ್ಪನ್ನು ಒಪ್ಪಿ, ಕಚ್ಚಾ ಹೊಲಿಗೆಯಲ್ಲಿ ತೊಡಿಸಿ ನೋಡಲು ತಯಾರಿದ್ದರೆ ಕೊಡಬಹುದು. ತಾವೇ ಹಾಕಿದ ಹೊಲಿಗೆ ಎಲ್ಲಿ ಹಾಯ್ದಿದೆ ಎಂದು ಅವರಿಗೆ ಗೊತ್ತಿರುತ್ತದೆ. ಟೇಪು ಕಂಡ ಮೇಲೂ ‘ನೀವೇ ದಪ್ಪ’ ಎನ್ನುವವರಾದರೆ ಅಥವಾ ಬಟ್ಟೆ ಕತ್ತರಿಸಿಹೋಗಿದ್ದರೆ, ಗೌನ್ ಮತ್ತು ಲೇಸಿನ ಕೆಲಸ ದಿನವೂ ಮಾಡುವ ಬೇರೆಯವರನ್ನು ಹುಡುಕಿ. ಯಾರಿಗೇ ಕೊಟ್ಟರೂ ಬಿಚ್ಚುವ ಮುಂಚೆ ಈಗಿನ ಸ್ಥಿತಿಯ ಫೋಟೋಗಳನ್ನು, ಟೇಪು ಹಿಡಿದ ಫೋಟೋ ಸೇರಿಸಿ, ತೆಗೆದಿಡಿ. ಬೇರೆಯವರು ಕೈ ಹಾಕಿದ ಮೇಲೆ ಯಾರ ತಪ್ಪು ಯಾವುದೆಂದು ಸಾಧಿಸುವುದು ಕಷ್ಟ. ಹಣದ ಮಾತನ್ನು ರಶೀದಿ, ಫೋಟೋ, ಹೊಸಬರ ಕೆಲಸದ ಬಿಲ್ಲು ಮೂರನ್ನೂ ಮುಂದಿಟ್ಟು ಆಡಿದರೆ ಜಗಳವಿಲ್ಲದೆ ಮುಗಿಯುವ ಸಾಧ್ಯತೆ ಹೆಚ್ಚು. ಆದರೆ ಅದನ್ನು ಮದುವೆ ಕಳೆದ ಮೇಲೆ ಇಟ್ಟುಕೊಳ್ಳಿ, ಮೊದಲು ಗೌನ್ ನಿಮ್ಮ ಕೈ ಸೇರಲಿ.

ಈ ಬಾರಿ ಅಳತೆಯನ್ನು ಬಾಯಲ್ಲಿ ಹೇಳಬೇಡಿ. ‘ಗೌನಿನ ಸೊಂಟದ ಸುತ್ತಳತೆ 32 ಇಂಚಾಗಬೇಕು’ ಎಂದು ಚೀಟಿಯಲ್ಲಿ ಬರೆದು ಗೌನಿಗೇ ಪಿನ್ನು ಮಾಡಿ. ಎಷ್ಟು ಹಿಡಿಯಬೇಕು, ಎಷ್ಟು ಬಿಡಬೇಕು ಎಂಬ ಲೆಕ್ಕ ಹೊಲಿಯುವವರದಾಗಲಿ. ಕೆಲಸ ಮುಗಿಸಿ ಕೊಡುವ ದಿನವನ್ನು ಮದುವೆಗೆ ಕನಿಷ್ಠ ಒಂದು ವಾರ ಮೊದಲು ಗೊತ್ತುಮಾಡಿ, ಅಂದು ಊಟ ಮಾಡಿಕೊಂಡೇ ಹೋಗಿ, ಗೌನ್ ತೊಟ್ಟು ಕುರ್ಚಿಯಲ್ಲಿ ಹತ್ತು ನಿಮಿಷ ಕೂತು ನೋಡಿ.